‘ಈ ಸಲ ಎಷ್ಟು ದಿನಾ ಇರ್ತಿ?’

ಪ್ರಶ್ನೆ: ನಾನು ಧಾರವಾಡದವನು, ಹನ್ನೆರಡು ವರ್ಷಗಳಿಂದ ಪುಣೆಯಲ್ಲಿದ್ದೇನೆ. ಗಾಯಕರಿಗೆ ತಬಲಾ ಸಾಥ್ ನೀಡುವುದೇ ನನ್ನ ಜೀವನೋಪಾಯ. ನವೆಂಬರಿನಿಂದ ಮಾರ್ಚ್‌ವರೆಗೆ ತಿಂಗಳಲ್ಲಿ ಇಪ್ಪತ್ತು ದಿನ ಊರೂರು ತಿರುಗುತ್ತೇನೆ. ಈವರೆಗೆ ಒಂದು ಕಾರ್ಯಕ್ರಮಕ್ಕೂ ಬರುವುದಿಲ್ಲ ಎಂದವನಲ್ಲ. ಮಗಳಿಗೆ ಜ್ವರ ಬಂದಿದ್ದಾಗಲೂ ಗೋವೆಯ ಬಸ್ಸು ಹತ್ತಿದ್ದೆ. ಶಾಲೆಯೊಂದರಲ್ಲಿ ಸಂಗೀತ ಶಿಕ್ಷಕನ ಕೆಲಸ ಸಿಗುತ್ತಿದೆ, ಹೆಂಡತಿ ಒಪ್ಪಿಕೊಳ್ಳಿ ಎನ್ನುತ್ತಾಳೆ. ಮೊನ್ನೆ ಊರಿನಿಂದ ಬಂದು ತಬಲಾ ಚೀಲ ಕೆಳಗಿಡುತ್ತಿದ್ದಂತೆ ಆರು ವರ್ಷದ ಮಗಳು, ‘ಅಪ್ಪಾ, ಈ ಸಲ ಎಷ್ಟು ದಿನಾ ಇರ್ತಿ?’ ಎಂದಳು. ಏನು ಮಾಡಲಿ?

ಉತ್ತರ: ನೆಂಟರನ್ನು ಕೇಳುವ ಪ್ರಶ್ನೆಯನ್ನು ಮಗಳು ನಿಮಗೆ ಕೇಳಿದ್ದಾಳೆ. ಇಂಥ ಸಂದರ್ಭದಲ್ಲಿ ಪುಣೆಯ ನಮ್ಮವರು ಗದುಗಿನ ಭೀಮಸೇನ ಜೋಶಿಯವರ ಮಾತು ತೆಗೆಯದೆ ಇರುವುದಿಲ್ಲ: ಗುರುವನ್ನು ಅರಸಿ ಬಾಲ್ಯದಲ್ಲೇ ಮನೆ ಬಿಟ್ಟವರು, ಕಛೇರಿಗಳಿಗಾಗಿ ವಿಮಾನವೇರಿ ಸುತ್ತಿ ‘ಹವಾಯಿ ಗಂಧರ್ವ’ ಎಂಬ ತಮಾಷೆಯ ಹೆಸರು ಪಡೆದವರು. ಆ ಉದಾಹರಣೆ ನಿಮಗೆ ಹೊಂದುವುದಿಲ್ಲ. ಅವರು ಮುಖ್ಯ ಗಾಯಕರು, ತಾರೀಖು ಒಪ್ಪುವುದೂ ಬಿಡುವುದೂ ಅವರ ಕೈಯಲ್ಲಿತ್ತು. ಸಾಥಿದಾರರಾದ ನಿಮಗೆ ಬರುವುದು ಬೇರೆಯವರು ಗೊತ್ತುಮಾಡಿದ ತಾರೀಖು.

ಒಮ್ಮೆ ಒಲ್ಲೆನೆಂದರೆ ಮುಂದಿನ ಸಲ ಇನ್ನೊಬ್ಬರಿಗೆ ಕರೆ ಹೋಗುತ್ತದೆ ಎಂಬ ನಿಮ್ಮ ಅಂಜಿಕೆ ಸುಳ್ಳಲ್ಲ. ಆದರೆ ಮುನ್ನಾದಿನ ಒಲ್ಲೆ ಎನ್ನುವುದು ಬೇರೆ, ಗಣೇಶ ಹಬ್ಬಕ್ಕೂ ಮೊದಲೇ ‘ಈ ದಿನಗಳಲ್ಲಿ ನಾನು ಸಿಗುವುದಿಲ್ಲ’ ಎಂದು ಗಾಯಕರಿಗೆ ತಿಳಿಸುವುದು ಬೇರೆ. ಹಾಗೆ ತಿಳಿಸುವಾಗ ನಿಮ್ಮ ಬದಲಿಗೆ ಕೂರಬಲ್ಲ ಒಬ್ಬರ ಹೆಸರನ್ನು ನೀವೇ ಸೂಚಿಸಿದರೆ ಗಾಯಕರ ತೊಂದರೆ ತಪ್ಪುತ್ತದೆ, ನಿಮ್ಮ ಮೇಲಿನ ಭರವಸೆಯೂ ಉಳಿಯುತ್ತದೆ.

ಶಾಲೆಯ ಕೆಲಸವನ್ನು ಪೂರ್ಣಾವಧಿಗೆ ಒಪ್ಪಿದರೆ ಚಳಿಗಾಲದ ಕಛೇರಿಗಳು ಬಹುತೇಕ ಕೈತಪ್ಪುತ್ತವೆ. ವಾರಕ್ಕೆ ಎರಡು ದಿನ ಕಲಿಸಲು ಸಾಧ್ಯವೇ ಎಂದು ಕೇಳಿ, ಇಲ್ಲವೆಂದರೆ ಈ ವರ್ಷ ಬಿಡಿ. ತೇವಕ್ಕೆ ತಬಲಾದ ಚರ್ಮ ಸಡಿಲಾಗಿ ಸುತ್ತಿಗೆ ಎಷ್ಟು ಬಡಿದರೂ ಶ್ರುತಿ ಇಳಿಯುವ ಮಳೆಗಾಲದಲ್ಲಿ ಹೇಗೂ ಕಾರ್ಯಕ್ರಮಗಳು ಕಡಿಮೆ, ಆಗ ಮನೆಯಲ್ಲೇ ಶಿಷ್ಯರನ್ನು ಕೂರಿಸಿಕೊಳ್ಳಬಹುದು. ಈ ಲೆಕ್ಕವನ್ನು, ಬರುವ ಸಂಭಾವನೆಯ ಸಮೇತ, ಹೆಂಡತಿಯ ಮುಂದೆ ಬರೆದಿಡಿ. ಅವರು ಬೇಡುತ್ತಿರುವುದು ಸಂಬಳವನ್ನೋ ನಿಮ್ಮ ಇರವನ್ನೋ ಎಂದು ನಿಮ್ಮ ಪತ್ರದಲ್ಲಿಲ್ಲ. ನೀವು ಕೇಳಿಯೇ ಇಲ್ಲವೆಂದು ನನ್ನ ಅನುಮಾನ.

ಮಗಳಿಗೆ ಮಾತ್ರ ಇವತ್ತೇ ಉತ್ತರ ಕೊಡಿ. ಗೋಡೆಯ ಕ್ಯಾಲೆಂಡರ್ ಇಳಿಸಿ, ನೀವು ಮನೆಯಲ್ಲಿರುವ ದಿನಗಳಿಗೆ ಅವಳ ಕೈಯಿಂದಲೇ ಬಣ್ಣದ ಪೆನ್ಸಿಲ್ಲಿನಲ್ಲಿ ಸುತ್ತು ಹಾಕಿಸಿ. ಆ ಸುತ್ತಿನೊಳಗಿನ ದಿನಕ್ಕೆ ಯಾವ ಗಾಯಕರಿಂದ ಫೋನ್ ಬಂದರೂ ತಾರೀಖು ಖಾಲಿಯಿಲ್ಲ ಎನ್ನಿ.