ಪ್ರತಿಕ್ರಿಯೆ: ಡಿಕ್ರಿ ಆದರೂ ಜಮೀನು ಕೈಗೆ ಬಂದಿಲ್ಲ

ಜಮೀನು ನಿಮಗೆ ಬಿಡಬೇಕು ಅಂತ ಡಿಕ್ರಿ (ಕೋರ್ಟಿನ ತೀರ್ಪಿನ ಆದೇಶ) ಆಗಿ ಮೂರು ವರ್ಷವಾದರೂ ಎದುರಿನವರು ಜಮೀನು ಬಿಡುತ್ತಿಲ್ಲ, ಅಪೀಲು ಹಾಕಿದ್ದೇವೆ ಅಂತಾರೆ, ಏನು ಮಾಡಲಿ ಅಂತ ಕೇಳಿದ್ದೀರಿ.

ಧೈರ್ಯ ಬಿಡಬೇಡಿ. ಸ್ವಾಧೀನದ ಡಿಕ್ರಿ ಜಾರಿಗೆ 12 ವರ್ಷ ಅವಕಾಶವಿದೆ. ಸುಮ್ನೆ ಅಪೀಲು ಹಾಕಿದ ಮಾತ್ರಕ್ಕೆ ಜಾರಿ ನಿಲ್ಲುವುದಿಲ್ಲ, ತಡೆಯಾಜ್ಞೆ ಇರಬೇಕು. ಅದು ಇಲ್ಲದಿದ್ದರೆ ಅಮಲ್ಜಾರಿ ಅರ್ಜಿ, ಅಂದರೆ ಡಿಕ್ರಿ ಜಾರಿ ಮಾಡಿಸಿ ಅಂತ ಕೋರ್ಟಿಗೆ ಕೇಳುವ ಅರ್ಜಿ, ಹಾಕಿ. ಡಿಕ್ರಿ ಆಗಿ ಎರಡು ವರ್ಷ ದಾಟಿರುವುದರಿಂದ ಮೊದಲು ಅವರಿಗೆ ನೋಟಿಸ್ ಹೋಗುತ್ತದೆ. ಆಮೇಲೆ ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) ಆದೇಶ 21, ನಿಯಮ 35ರಂತೆ ಜಮೀನು ನಿಮ್ಮ ವಶಕ್ಕೆ ಕೊಡಿಸುವ ಸ್ವಾಧೀನದ ವಾರಂಟ್.

ಅರ್ಜಿಗೂ ಮುಂಚೆ ಡಿಕ್ರಿಯ ಷೆಡ್ಯೂಲ್ (ಜಮೀನಿನ ಗಡಿ, ಗುರುತು ಬರೆದಿರುವ ಭಾಗ) ಹಿಡಿದುಕೊಂಡು ಜಮೀನು ಸುತ್ತಿ ಬನ್ನಿ. ಇದನ್ನು ದಯವಿಟ್ಟು ಬಿಡಬೇಡಿ. ನಮ್ಮ ಕೇಸಿನಲ್ಲಿ ಪೂರ್ವಕ್ಕೆ ಹಳ್ಳ ಅಂತ ಬರೆದಿತ್ತು. ಅಷ್ಟರಲ್ಲಿ ಹಳ್ಳ ಮುಚ್ಚಿ ಗಾಡಿದಾರಿ ಆಗಿತ್ತು. ವಾರಂಟ್ ಜಾರಿಗೆ ಬಂದ ಕೋರ್ಟಿನ ಅಮೀನರು ಬಿಸಿಲಲ್ಲಿ ಕಾಗದ ತಿರುಗಿಸಿ ತಿರುಗಿಸಿ ನೋಡಿ, ಗುರುತು ಸಿಗಲಿಲ್ಲ ಅಂತ ಬರೆದು ವಾಪಸ್ ಹೋದರು. ಅಪ್ಪ ಬದುವಿನ ಮೇಲೆಯೇ ಕೂತುಬಿಟ್ಟರು. ಕೋರ್ಟಿಗೆ ಕೇಳಿ ಸರ್ವೆಯರ್ ಕರೆಸಿದ ಮೇಲೆಯೇ ಕೆಲಸ ಆಯಿತು.

ಅಡ್ಡಿ ಮಾಡಿದರೆ ಜಗಳಕ್ಕಿಳಿಯಬೇಡಿ, ನೀವೇ ಬೇಲಿ ಕೀಳಬೇಡಿ. 30 ದಿನದೊಳಗೆ ಅದೇ ಆದೇಶ 21ರ ನಿಯಮ 97ರಲ್ಲಿ ಅರ್ಜಿ ಕೊಡಿ. ಮೂರನೆಯವರು ಬಂದು ಹಕ್ಕು ಹೇಳಿದರೂ ಅದೇ ಕೋರ್ಟು ತೀರ್ಮಾನಿಸುತ್ತದೆ, ಬೇರೆ ದಾವೆ ಬೇಡ. ಪೊಲೀಸ್ ರಕ್ಷಣೆಯನ್ನೂ ಅಲ್ಲೇ ಕೇಳಬಹುದು.

ಅಮಲ್ಜಾರಿ ಅರ್ಜಿಯನ್ನು ಆರು ತಿಂಗಳಲ್ಲಿ ಮುಗಿಸಬೇಕು, ತಡವಾದರೆ ಕಾರಣ ಬರೆಯಬೇಕು ಅಂತ ಸುಪ್ರೀಂ ಕೋರ್ಟ್ 2021ರಲ್ಲಿ ಹೇಳಿದೆ. ವಾಯಿದೆ ಮೇಲೆ ವಾಯಿದೆ ಬಿದ್ದರೆ ವಕೀಲರಿಗೆ ಇದನ್ನು ನೆನಪಿಸಿ.