ಪ್ರ: ಸಾವಿರ ಸಿನಿಮಾ ಮಾಡಿದ ಜಪಾನಿನ ಮೂಕಿ ಚಿತ್ರಗಳ ನಟ ಓನೋಎ ಮತ್ಸುನೊಸುಕೆಯ ಚಿತ್ರಗಳು ಯಾಕೆ ಸಿಗುವುದಿಲ್ಲ?

ನೀವು ಕೇಳಿದ ಸಾವಿರದ ಲೆಕ್ಕ ಉತ್ಪ್ರೇಕ್ಷೆ ಅಲ್ಲ. ಆದರೆ ಆಗಿನ ಸಿನಿಮಾ ಅಂದರೆ ಈಗಿನ ಎರಡೂವರೆ ಗಂಟೆಯ ಚಿತ್ರ ಅಂದುಕೊಳ್ಳಬೇಡಿ. ಹೆಚ್ಚಿನವು ತೀರಾ ಚಿಕ್ಕವು, ಕೆಲವೇ ದಿನಗಳಲ್ಲಿ ಮುಗಿಯುತ್ತಿದ್ದವು.

1875ರಲ್ಲಿ ಒಕಯಾಮದಲ್ಲಿ ಹುಟ್ಟಿದ ಮತ್ಸುನೊಸುಕೆ ಊರೂರು ತಿರುಗುವ ಕಬುಕಿ, ಅಂದರೆ ಜಪಾನಿನ ಸಾಂಪ್ರದಾಯಿಕ ನಾಟಕದವರು. ಕ್ಯೋಟೋದಲ್ಲಿ ನಾಟಕಮಂದಿರ ನಡೆಸುತ್ತಿದ್ದ ಮಕಿನೊ ಶೋಜೊ ಎಂಬವರು ಇವರನ್ನು ಗುರುತಿಸಿ 1909ರಲ್ಲಿ ಕ್ಯಾಮೆರಾ ಮುಂದೆ ನಿಲ್ಲಿಸಿದರು. 1912ರಲ್ಲಿ ನಿಕ್ಕತ್ಸು ಎಂಬ ಸಿನಿಮಾ ಕಂಪನಿ ಶುರುವಾದ ಮೇಲೆ ಅದರ ದೊಡ್ಡ ತಾರೆ ಇವರೇ. ದೊಡ್ಡ ಕಣ್ಣುಗಳನ್ನು ಹೊರಳಿಸಿ ನೋಡುವ ಪರಿಗೆ ಜನ 'ಕಣ್ಣುಗುಡ್ಡೆ ಮತ್ಸು' ಅಂತಲೇ ಕರೆಯುತ್ತಿದ್ದರು. ಕತ್ತಿವರಸೆ, ಮಾಯ ಆಗುವ ನಿಂಜಾ, ಕಪ್ಪೆಯಾಗುವ ಮಾಂತ್ರಿಕ, ಎಲ್ಲಾ ಇತ್ತು. ಮಕ್ಕಳಿಗೆ ಹುಚ್ಚೇ ಹಿಡಿದಿತ್ತು. 1926ರಲ್ಲಿ ಅವರು ತೀರಿಕೊಂಡರು.

ಚಿತ್ರಗಳು ಉಳಿಯದ್ದಕ್ಕೆ ಮುಖ್ಯ ಕಾರಣ ಆಗಿನ ರೀಲುಗಳಿಗೆ ಬಳಸುತ್ತಿದ್ದ ನೈಟ್ರೇಟ್ ಫಿಲ್ಮ್. ಅದು ಬೇಗ ಹಾಳಾಗುತ್ತದೆ, ಸುಲಭವಾಗಿ ಬೆಂಕಿ ಹಿಡಿಯುತ್ತದೆ. ಹಳೆಯ ರೀಲುಗಳನ್ನು ಕಾಪಾಡಬೇಕು ಅನ್ನುವ ಯೋಚನೆ ಆಗ ಯಾರಿಗೂ ಜಾಸ್ತಿ ಇರಲಿಲ್ಲ. ಆಮೇಲೆ ಎರಡನೇ ಮಹಾಯುದ್ಧ ಬೇರೆ ಬಂತು. 1926ರಲ್ಲಿ ಅವರು ತೀರಿಕೊಂಡರು.

ಉಳಿದ ಕೆಲವೇ ಚಿತ್ರಗಳಲ್ಲಿ 1921ರ 'ಜಿರೈಯಾ' ಮೊದಲು ನೋಡಿ. ಬೆನ್ಶಿ, ಅಂದರೆ ಪರದೆ ಪಕ್ಕ ನಿಂತು ಕಥೆ ಹೇಳುವವರ ದನಿ ಇರುವ ಪ್ರತಿ ಸಿಕ್ಕರೆ ಅದನ್ನೇ ಆರಿಸಿ. ಆಗಿನ ಜನ ಮೂಕಿ ಚಿತ್ರವನ್ನು ಸುಮ್ನೆ ಮೌನವಾಗಿ ನೋಡಿದ್ದಲ್ಲ.