ಎಚ್ಚರ ತಪ್ಪಿದ ಹುಡುಗಿಗೆ ಫಿಟ್‌ನೆಸ್ ಸರ್ಟಿಫಿಕೇಟ್

ಪ್ರಶ್ನೆ: ಮಗಳು ಎಂಟನೇ ತರಗತಿ, ಶಾಲೆಯ ಕಬಡ್ಡಿ ತಂಡಕ್ಕೆ ಆಯ್ಕೆಯಾಗಿದ್ದಾಳೆ. ಫಿಟ್‌ನೆಸ್ ಸರ್ಟಿಫಿಕೇಟ್ ಕೇಳಿದ್ದಾರೆ. ಕಳೆದ ತಿಂಗಳು ಅಭ್ಯಾಸದ ವೇಳೆ ಒಮ್ಮೆ ಎಚ್ಚರ ತಪ್ಪಿ ಬಿದ್ದಿದ್ದಳು. ಅದನ್ನು ಡಾಕ್ಟರಿಗೆ ಹೇಳಬೇಕೇ?
– ಓದುಗರು, ಜಮಖಂಡಿ

ಉತ್ತರ: ಮೊದಲು ಹೇಳಬೇಕಾದದ್ದೇ ಅದು. ಸರ್ಟಿಫಿಕೇಟ್ ಕೈತಪ್ಪೀತೆಂದು ದಯವಿಟ್ಟು ಮುಚ್ಚಿಡಬೇಡಿ. ಓಡುತ್ತಿರುವಾಗಲೇ ಬಿದ್ದಳೋ, ಆಟ ಮುಗಿಸಿ ಬಿಸಿಲಲ್ಲಿ ನಿಂತಾಗ ಬಿದ್ದಳೋ ಎಂದು ಜೊತೆಗಿದ್ದ ಹುಡುಗಿಯರನ್ನು ಕೇಳಿಕೊಂಡು ಹೋಗಿ. ನಿಂತಾಗ ಬಿದ್ದದ್ದಾದರೆ ಹೆಚ್ಚಾಗಿ ಮೈಯಲ್ಲಿ ನೀರು ಕಡಿಮೆಯಾಗಿ, ರಕ್ತ ಕಾಲಿಗಿಳಿದು ಆಗುವಂಥದ್ದು. ಓಡುವಾಗಲೇ ಬಿದ್ದಿದ್ದರೆ ಹೃದಯದ ತೊಂದರೆ ಇರಬಹುದು. ಇಸಿಜಿ, ಎಕೋ (ಹೃದಯದ ಸ್ಕ್ಯಾನಿಂಗ್) ಆಗಿ ಡಾಕ್ಟರು ಒಪ್ಪುವವರೆಗೆ ಅಂಕಣಕ್ಕೆ ಇಳಿಸಲೇಬೇಡಿ. ಮನೆತನದಲ್ಲಿ ಯಾರಾದರೂ 50 ವರ್ಷದೊಳಗೆ ಹಠಾತ್ತನೆ ತೀರಿಕೊಂಡಿದ್ದರೆ ಅದನ್ನೂ ತಿಳಿಸಿ.

ಡಾಕ್ಟರು ಮಗಳನ್ನು ಮಲಗಿಸಿಯೂ ನಿಲ್ಲಿಸಿಯೂ ಎದೆಬಡಿತ ಕೇಳಬೇಕು. ಹೃದಯದ ಸ್ನಾಯು ದಪ್ಪಗಾಗುವ ಕಾಯಿಲೆಯಲ್ಲಿ ಅಸಹಜ ಸದ್ದು ನಿಂತಾಗ ಜೋರಾಗುತ್ತದೆ. ಬಿಪಿ ನೋಡುವ ಮೊದಲು 5 ನಿಮಿಷ ಸುಮ್ಮನೆ ಕೂರಿಸಿ. ತೋಳಿಗೆ ಸುತ್ತುವ ಪಟ್ಟಿ ದೊಡ್ಡವರದಾದರೆ ಸಣಕಲು ತೋಳಿನಲ್ಲಿ ಬಿಪಿ ಕಡಿಮೆ ತೋರಿಸುತ್ತದೆ. ಹಿಮೋಗ್ಲೋಬಿನ್ 12 ಗ್ರಾಂಗಿಂತ ಕಡಿಮೆಯಿದ್ದರೆ ರಕ್ತಹೀನತೆ, ಬೇಗ ಸುಸ್ತಾಗಲು ಅದೂ ಕಾರಣ.

ತಾಲ್ಲೂಕು ಆಸ್ಪತ್ರೆಗೆ ಹೋಗುವಾಗ ಶಾಲೆಯ ಪತ್ರ, ಆಧಾರ್, ಫೋಟೊ, ಹಳೆಯ ಚೀಟಿಗಳಿರಲಿ. ಸರ್ಟಿಫಿಕೇಟಿನಲ್ಲಿ ಸಹಿ, ಸೀಲು, ದಿನಾಂಕ, ಡಾಕ್ಟರ ನೋಂದಣಿ ಸಂಖ್ಯೆ ನೋಡಿಕೊಳ್ಳಿ. ಎಕೋಗೆ ಬಾಗಲಕೋಟೆಗೆ ಹೋಗಬೇಕಾಗಿ ಬಂದೀತು, ಹಾಗಾಗಿ ಪಂದ್ಯಕ್ಕೆ ಎರಡು ವಾರ ಮೊದಲೇ ತೋರಿಸಿ.